ಬುಧವಾರದ ನೀರು

ಆ ಬಾವಿಯನ್ನು ಬರಿದು ಮಾಡಿದವಳು ನಾನು. ಚೆಲುವಯ್ಯ ಮೇಷ್ಟ್ರಲ್ಲ. ನನ್ನ ಕೈಯಿಂದಲೇ ಮೋಟಾರಿನ ಸ್ವಿಚ್ಚು ಒತ್ತಿ, ಪಕ್ಕದಲ್ಲೇ ಕೂತು, ತಳದ ಕೆಸರು ಕಾಣುವ ತನಕ ನೀರನ್ನೆಲ್ಲ ಹೊಳೆಗೆ ಹರಿಸಿದೆ. ಮರುದಿನ ಬಂದ ಕೋರ್ಟ್ ಕಮಿಷನರ್ ಒಣಬಾವಿ ನೋಡಿಕೊಂಡು ಹೋದರು. ಆ ಒಣಬಾವಿಯ ಬಲದ ಮೇಲೆ ನಾವು ಕೇಸು ಗೆದ್ದೆವು.

ಇದನ್ನು ಮಂಡ್ಯದ ನ್ಯಾಯಾಲಯದ ಹೊರಗೆ, ಮರದ ಕೆಳಗಿನ ಕಲ್ಲುಬೆಂಚಿನ ಮೇಲೆ ಕೂತು ಬರೆಯುತ್ತಿದ್ದೇನೆ. ನನ್ನ ಹೆಸರು ಕೂಗುವುದಕ್ಕೆ ಇನ್ನೂ ಹೊತ್ತಿದೆ. ಒಳಗೆ ಹೋದರೆ ಕೇಳಿದ್ದಕ್ಕೆ ಮಾತ್ರ ಉತ್ತರ ಹೇಳಿ ಅನ್ನುತ್ತಾರೆ. ನನಗೆ ಕೇಳದೇ ಇರುವುದನ್ನೂ ಹೇಳಬೇಕಾಗಿದೆ. ಕ್ಷಮೆ ಬೇಡುವುದಕ್ಕೆ ಬರೆಯುತ್ತಿದ್ದೇನೆ ಅಂದುಕೊಳ್ಳಬೇಡಿ. ಕೆಲವರಲ್ಲಂತೂ ನಾನು ಈ ಜನ್ಮದಲ್ಲಿ ಕ್ಷಮೆ ಕೇಳುವವಳಲ್ಲ — ನನ್ನ ಮೈದುನ ಕೆಂಪರಾಜು, ಅವನ ಅನುಮತಿಗೆ ಸ್ಥಳಕ್ಕೂ ಬಾರದೆ ಸಹಿ ಹಾಕಿದವರು, ಟಿಪ್ಪರುಗಳಿಗೆ ದಾರಿ ಬಿಟ್ಟುಕೊಟ್ಟು ಮೀಸೆ ತಿರುವಿದ ಊರಿನ ದೊಡ್ಡವರು. ನೀರು ಉಳಿಸಿದ್ದಕ್ಕೆ ನನಗೆ ನಾಚಿಕೆಯಿಲ್ಲ. ನಾಚಿಕೆ ಇರುವುದು ಒಂದೇ ವಿಷಯಕ್ಕೆ, ಅದನ್ನು ಬಾಯಿಬಿಡಲು ಇಷ್ಟು ವರ್ಷ — ಇರಲಿ, ಮೊದಲಿಂದ ಹೇಳುತ್ತೇನೆ.

ನಮ್ಮೂರು ಹಲಗೂರಿನಿಂದ ಒಳಗೆ, ಶಿಂಷಾ ಹೊಳೆಯ ದಡದಲ್ಲಿದೆ. ನಾನು ಕೊಪ್ಪದ ಕಡೆಯ ಹೆಣ್ಣು, ಮದ್ದೂರಿನಲ್ಲಿ ಪಿಯುಸಿ ಓದಿ ಈ ಊರಿಗೆ ಸೊಸೆಯಾಗಿ ಬಂದವಳು, ಹೆಸರು ಜಯಮ್ಮ. ಗಂಡ ಹೋದ ಮೇಲೆ ಕಬ್ಬು, ಭತ್ತ, ಹಸು ಎಲ್ಲ ನನ್ನ ತಲೆಯ ಮೇಲೆ ಬಿತ್ತು. ಬಿದ್ದರೆ ಬೀಳಲಿ ಎಂದು ಸೆರಗು ಸಿಕ್ಕಿಸಿ ನಿಂತೆ. ನನ್ನ ಬಾಯಿ ಜೋರು ಎಂದು ಊರಿಗೆಲ್ಲ ಗೊತ್ತು. ಜೋರಿಲ್ಲದಿದ್ದರೆ ಆ ಹೊಲದಲ್ಲಿ ನನಗೆ ಒಂದು ಬದುವೂ ಉಳಿಯುತ್ತಿರಲಿಲ್ಲ.

ನಮ್ಮ ಹೊಲದ ಅಂಚಿನಲ್ಲಿ ಕಲ್ಲು ಕಟ್ಟಿದ ದೊಡ್ಡ ಬಾವಿ ಇದೆ. ಅದನ್ನು ತೋಡಿಸಿದವರು ನನ್ನ ಮಾವನ ತಂದೆ. ತೋಡಿದವರು ಚೆಲುವಯ್ಯ ಮೇಷ್ಟ್ರ ತಾತ ಮತ್ತು ಅವರ ಕೇರಿಯ ಜನ. ಬಂಡೆ ಸಿಕ್ಕಿ ಕೆಲಸ ಎಳೆದಾಗ ಪೂರ್ತಿ ಕೂಲಿ ಕೊಡಲಾಗದೆ, ಅದರ ಬದಲು ಪಕ್ಕದ ಅವರ ಹೊಲಕ್ಕೆ ವಾರದಲ್ಲಿ ಬುಧವಾರ ಮತ್ತು ಗುರುವಾರದ ನೀರು ಎಂದು ಮಾತಾಯಿತಂತೆ. ಅಂದಿನಿಂದ ಆ ಎರಡು ದಿನ ಬಾವಿ ಅವರದು, ಮಿಕ್ಕ ದಿನ ನಮ್ಮದು. ಎರಡು ಮನೆಗಳೂ ಆ ಮಾತು ಮುರಿಯಲಿಲ್ಲ. ಮೇಷ್ಟ್ರು ಹೈಸ್ಕೂಲಿನಲ್ಲಿ ಪಾಠ ಹೇಳಿ ನಿವೃತ್ತರಾದವರು, ಮನೆಯ ನಡುಗೋಡೆಯ ಮೇಲೆ ಬುದ್ಧನ ಪಟ ಇಟ್ಟುಕೊಂಡವರು. ಅವರ ಹೊಲದಲ್ಲಿ ಹಿಪ್ಪುನೇರಳೆ ಇತ್ತು. ಹೆಂಡತಿ ಸರೋಜಮ್ಮ ಮನೆಯಲ್ಲಿ ರೇಷ್ಮೆಹುಳ ಸಾಕುತ್ತಿದ್ದರು.

ಬಾವಿಯ ಮೋಟಾರು ಮನೆಗೆ ಒಂದೇ ಬೀಗ. ಬೀಗದ ಕೈ ನಮ್ಮ ಮನೆಯಲ್ಲಿ. ಬುಧವಾರ ಬೆಳಗ್ಗೆ ಮೇಷ್ಟ್ರು ಬಂದು ಜಗಲಿಯ ಕೆಳಗೆ ನಿಂತು "ಅಕ್ಕಾ, ಬೀಗದ ಕೈ" ಅನ್ನುತ್ತಿದ್ದರು, ಗುರುವಾರ ಸಂಜೆ ತಂದು ಒಪ್ಪಿಸುತ್ತಿದ್ದರು. ನನ್ನ ಅತ್ತೆ ಬದುಕಿದ್ದಾಗ ಅದನ್ನು ಜಗಲಿಯ ಮೇಲೆ ಇಟ್ಟು ಒಳಗೆ ಹೋಗುತ್ತಿದ್ದರು. ನಾನು ಕೈಗೇ ಕೊಡುತ್ತಿದ್ದೆ. ಅದನ್ನೇ ದೊಡ್ಡತನ ಅಂದುಕೊಂಡಿದ್ದೆ. ಅವರದೇ ದಿನದ ನೀರಿಗೆ ಅವರು ನನ್ನ ಬಾಗಿಲಿಗೆ ಯಾಕೆ ಬರಬೇಕು ಎಂದು ಒಂದು ದಿನವೂ — ಇಲ್ಲ, ಒಂದು ದಿನವೂ ನನಗೆ ಹೊಳೆಯಲಿಲ್ಲ.

ಬಾವಿಗೂ ಹೊಳೆಗೂ ನಡುವೆ ಕೆಂಪರಾಜುವಿನ ಪಾಲಿನ ಹೊಲ. ಅದು ಏರುಪೇರು ನೆಲ, ನಿಜ. ಸಮತಟ್ಟು ಮಾಡಿ ಭತ್ತದ ಗದ್ದೆ ಮಾಡುತ್ತೇನೆ ಎಂದು ಅರ್ಜಿ ಕೊಟ್ಟು ಅನುಮತಿ ತಂದ. ನಾನೇ ಸಂತೋಷಪಟ್ಟೆ, ಕೊನೆಗೂ ಇವನಿಗೆ ಬೇಸಾಯದ ಬುದ್ಧಿ ಬಂತಲ್ಲ ಎಂದು. ಅನುಮತಿಯಲ್ಲಿ ಇದ್ದದ್ದು ದಿಬ್ಬ ತೆಗೆದು ತಗ್ಗಿಗೆ ತುಂಬುವುದು. ಆದರೆ ಅಗೆಯುವ ಯಂತ್ರ, ಇಟಾಚಿ, ಬಂದಿಳಿದು ಮೇಲಿನ ಮಣ್ಣನ್ನು ಒಂದು ಪಕ್ಕ ಗುಡ್ಡೆ ಹಾಕಿ ಕೆಳಗಿನ ಮರಳಿಗೆ ಬಾಯಿ ಹಾಕಿತು. ಟಿಪ್ಪರುಗಳು ಸಾಲುಗಟ್ಟಿ ನಿಡಘಟ್ಟದ ಕಡೆಗೆ, ಹೆದ್ದಾರಿಗೆ ಹೋದವು. ಕಣ್ಣು ಬಿಡುವುದರೊಳಗೆ ಆಳೆತ್ತರದ ಗುಂಡಿ. ಸಮ ಮಾಡಲು ಅನುಮತಿ ಪಡೆದು ಗುಂಡಿ ತೋಡಿದ ಗಂಡಸು ಅವನು.

ಹೊಳೆದಂಡೆಯ ಮರಳೇ ನಮ್ಮ ಬಾವಿಗಳಿಗೆ ನೀರು ಹಿಡಿದಿಟ್ಟುಕೊಡುವುದು. ಮಳೆಗಾಲದಲ್ಲಿ ಕುಡಿದದ್ದನ್ನು ಬೇಸಿಗೆಯಲ್ಲಿ ನಿಧಾನಕ್ಕೆ ಬಿಡುತ್ತದೆ. ಮರಳು ತೆಗೆದ ವರ್ಷವೇ ನಮ್ಮ ಬಾವಿಯ ಒರತೆಗಳು ಸಣ್ಣಗಾದವು, ಮರುವರ್ಷ ಶಿವರಾತ್ರಿ ಕಳೆಯುವುದರೊಳಗೆ ಮೋಟಾರು ಗಾಳಿ ಎಳೆಯತೊಡಗಿತು. ಕೆಂಪರಾಜುವನ್ನು ಕೇಳಿದೆ.

"ಬಾವಿ ಬತ್ತೋದ್ರೆ ಮಳೆರಾಯನ್ನ ಕೇಳಿ ಅತ್ಗೆ, ನನ್ನ ಯಾಕೆ ಕೇಳ್ತೀರಿ? ನನ್ ಒಲ, ನನ್ ಮಣ್ಣು, ಪರ್ಮಿಸನ್ ಐತೆ," ಅಂದ.

ನಾನು ಮತ್ತು ಮೇಷ್ಟ್ರು ಮಳವಳ್ಳಿಯ ನ್ಯಾಯಾಲಯದಲ್ಲಿ ಒಟ್ಟಿಗೆ ದಾವೆ ಹೂಡಿದೆವು. ನನಗೆ ನೆಲದ ಹಕ್ಕು, ಅವರಿಗೆ ಆ ಎರಡು ದಿನದ ನೀರಿನ ಹಕ್ಕು. ಕೆಂಪರಾಜುವಿನ ವಕೀಲರು ಬಾವಿಗೇನೂ ಆಗಿಲ್ಲ ಎಂದು ವಾದಿಸಿದರು. ನ್ಯಾಯಾಧೀಶರು ಸ್ಥಳ ನೋಡಿ ವರದಿ ಕೊಡಲು ಕಮಿಷನರ್ ಒಬ್ಬರನ್ನು ನೇಮಿಸಿದರು. ಅವರು ಬರುವುದು ಯುಗಾದಿ ಕಳೆದ ಕೂಡಲೇ, ಗುರುವಾರ ಎಂದು ಗೊತ್ತಾಯಿತು. ಬರಲಿ ಎಂದೆ. ಬಾವಿ ಒಣಗಿ ಬಿದ್ದಿತ್ತು, ಅದೇ ಸಾಕ್ಷಿ ಹೇಳುತ್ತದೆ ಎಂದುಕೊಂಡು ಹಬ್ಬದ ಸಾಮಾನು ತಂದೆ.

ಆಗ ಬಂತು ಮಳೆ. ಹಬ್ಬದ ಹಿಂದಿನ ಶನಿವಾರ, ಭಾನುವಾರ, ಕೇಳದೆ ಕರೆಯದೆ ಬಂದು ಹುಯ್ದು ಹೋಯಿತು. ಮೇಲಿನ ಹೊಲಗಳ ನೀರೆಲ್ಲ ಹರಿದು ಬಂದು ಬಾವಿಗೆ ಬಿತ್ತು. ಸೋಮವಾರ ಹೋಗಿ ಇಣುಕಿದರೆ ಮೆಟ್ಟಿಲುಗಳೇ ಮುಳುಗಿದ್ದವು. ಅದು ಬಾವಿಯ ನೀರಲ್ಲ, ಬಾವಿಗೆ ಬಿದ್ದ ನೀರು. ಕೆಳಗಿನಿಂದ ಒಂದು ತಂಬಿಗೆಯೂ ಊರಿದ್ದಲ್ಲ. ಆದರೆ ಕಾರಿನಲ್ಲಿ ಬಂದು ಒಂದು ಸಲ ಬಗ್ಗಿ ನೋಡಿ ಹೋಗುವ ಕಮಿಷನರಿಗೆ ಈ ವ್ಯತ್ಯಾಸ ಹೇಗೆ ತೋರಿಸಲಿ? ಯುಗಾದಿಯ ಸಂಜೆ ಅರಳಿಕಟ್ಟೆಯಲ್ಲಿ ಚಂದ್ರನನ್ನು ನೋಡಲು ಸೇರಿದ್ದವರೆದುರು ಕೆಂಪರಾಜು ನನಗೆ ಕೇಳಲೆಂದೇ ಅಂದ, "ಬಾವಿ ತುಂಬ್ಕೊಂಡು ಕುಂತದೆ ಕಣ್ರಲಾ. ಬರ್ಲಿ ಕಮಿಸ್ನರು, ಬೇಕಾದ್ರೆ ಈಜಾಡ್ಕೊಂಡು ಓಗ್ಲಿ."

ಜನ ನಕ್ಕರು. ಆ ನಗುವನ್ನು ನಾನು ಈಗಲೂ ಮರೆತಿಲ್ಲ, ಮರೆಯುವುದೂ ಇಲ್ಲ.

ಮರುದಿನ ಬುಧವಾರ, ಹೊಸ್ತೊಡಕು. ನಮ್ಮ ಸೀಮೆಯಲ್ಲಿ ಯುಗಾದಿಯ ಮಾರನೇ ದಿನ ಹೊಲದ ಕಡೆ ಯಾರೂ ತಲೆಹಾಕುವುದಿಲ್ಲ. ಗುಡ್ಡೆ ಬಾಡು, ಅಂದರೆ ಪಾಲು ಹಾಕಿದ ಮಾಂಸ ತಂದು, ಮನೆಮನೆಯಲ್ಲೂ ಬಾಡಿನ ಸಾರು ಕುದಿಸಿ, ಗಂಡಸರು ಇಸ್ಪೀಟಿಗೆ ಕೂತರೆ ಏಳುವುದಿಲ್ಲ. ಆ ದಿನ ಏನು ಮಾಡುತ್ತೇವೋ ವರ್ಷವಿಡೀ ಅದನ್ನೇ ಮಾಡುತ್ತೇವೆ ಎಂಬ ನಂಬಿಕೆಯೂ ಇದೆ. ಹಾಗಾಗಿ ಅತ್ತೆ ಆ ದಿನ ಯಾರನ್ನೂ ಬೈಯಲು ಬಿಡುತ್ತಿರಲಿಲ್ಲ, ಅಳುವ ಮಗುವನ್ನೂ ಬೇಗ ಸುಮ್ಮನಾಗಿಸುತ್ತಿದ್ದರು. ನಾನು ಬೆಳಗ್ಗೆಯೇ ಸಾರಿಗೆ ಒಗ್ಗರಣೆ ಹಾಕಿ, ಕೊಪ್ಪದಿಂದ ಹಬ್ಬಕ್ಕೆ ಬಂದಿದ್ದ ಅಣ್ಣನ ಮಗಳಿಗೆ ಒಲೆ ನೋಡಿಕೊಳ್ಳಲು ಹೇಳಿ, ಬೀಗದ ಕೈ ಸೊಂಟಕ್ಕೆ ಸಿಕ್ಕಿಸಿಕೊಂಡು ಹೊಲಕ್ಕೆ ಹೋದೆ. ಮೇಷ್ಟ್ರು ಊರಲ್ಲಿರಲಿಲ್ಲ. ಮಗಳ ಬಾಣಂತನಕ್ಕೆಂದು ಗಂಡ ಹೆಂಡಿರಿಬ್ಬರೂ ಹಿಂದಿನ ವಾರವೇ ಮಂಡ್ಯಕ್ಕೆ ಹೋಗಿದ್ದರು. ಬಾವಿಗೆ ನೀರು ಬಿದ್ದದ್ದು ಅವರಿಗೆ ಗೊತ್ತೇ ಇರಲಿಲ್ಲ.

ಅವರಿಗೆ ಒಂದು ಫೋನು ಮಾಡಬಹುದಿತ್ತು. ಮೊಬೈಲು ಕೈಯಲ್ಲೇ ಇತ್ತು. ಹೆಸರು ತೆಗೆದು ನೋಡಿದೆ, ಒತ್ತಲಿಲ್ಲ. ಬೇಡ ಅನ್ನುತ್ತಾರೆ ಎಂದು ಗೊತ್ತಿತ್ತು. ಮಕ್ಕಳಿಗೆ ಸುಳ್ಳು ಹೇಳಬೇಡಿ ಎಂದು ಒಂದು ಆಯುಷ್ಯವೆಲ್ಲ ಹೇಳಿ ಬಂದವರು — ನನಗೆ ಅವತ್ತು ಆ ಪಾಠ ಬೇಕಿರಲಿಲ್ಲ. ಅವರಿಗೆ ತಿಳಿಯದಿದ್ದರೆ ಅವರು ಸುಳ್ಳುಗಾರರಾಗುವುದಿಲ್ಲ, ಪಾಪವೆಲ್ಲ ನನಗೇ ಇರಲಿ ಎಂದು ನನ್ನನ್ನು ನಾನೇ ಹೊಗಳಿಕೊಂಡೆ. ಅವರ ಹೊಲಕ್ಕೆ ತಿರುಗುವ ಕಾಲುವೆಯ ಬಾಯಿಗೆ ಗುದ್ದಲಿಯಿಂದ ಮಣ್ಣು ಎಳೆದು ಕಟ್ಟಿದೆ. ನೆಲ ನೆಂದಿದ್ದು ಕಂಡರೆ ಕಮಿಷನರಿಗೆ ಅನುಮಾನ ಬಂದೀತು ಎಂದು. ನಂತರ ಮೋಟಾರು ಹಾಕಿದೆ. ಮೇಷ್ಟ್ರ ಬುಧವಾರದ ನೀರು ಅವರ ಹೊಲವನ್ನು ದಾಟಿ, ಕೆಂಪರಾಜುವಿನ ಗುಂಡಿಯ ಪಕ್ಕದಲ್ಲೇ ಹೊಳೆಗೆ ಹೋಯಿತು.

ಗುರುವಾರ ಕಮಿಷನರ್ ಬಂದರು. ಮಂಡ್ಯದಿಂದ ಮೇಷ್ಟ್ರೂ ಸೀದಾ ಹೊಲಕ್ಕೇ ಬಂದರು. ಗೋಡೆಯ ಕಲ್ಲುಗಳು ಇನ್ನೂ ಒದ್ದೆ. ಮಳೆ ಹುಯ್ದಿದೆಯಲ್ಲ ಸ್ವಾಮಿ, ನಿಂತಿದ್ದು ಇಷ್ಟೇ ಎಂದು ನಾನು ಹೇಳಿದೆ. ಕೆಂಪರಾಜು ಕೂಗಾಡಿದ, "ಮೋಟ್ರು ಆಕವ್ರೆ ಸಾರ್, ಮೊನ್ನೆ ತುಂಬಿತ್ತು." ಹೊಸ್ತೊಡಕಿನ ದಿನ ಯಾರು ಹೊಲಕ್ಕೆ ಬಂದಿದ್ದರು ಎಂದು ಕಮಿಷನರ್ ಕೇಳಿದರು. ನನ್ನನ್ನು ಬಿಟ್ಟರೆ ಬಂದಿದ್ದವರು ಯಾರೂ ಇರಲಿಲ್ಲ, ಅಲ್ಲಿದ್ದವರೆಲ್ಲ ಇಸ್ಪೀಟಿನವರು. ನಾನು ಹೊಳೆಯ ಕಡೆ ತಿರುಗಿ ನಿಂತೆ. ಮೇಷ್ಟ್ರು ಬಗ್ಗಿ ನೋಡಿ ನಿಟ್ಟುಸಿರು ಬಿಟ್ಟರು.

ಆಮೇಲೆ ಕಟಕಟೆಯಲ್ಲಿ ನಿಂತವರು ಅವರೇ. ಮಾತು ಬಲ್ಲವರು, ಜನ ನಂಬುವವರು, ನೀವೇ ಹೇಳಿದರೆ ತೂಕ ಎಂದು ನಮ್ಮ ವಕೀಲರು ಅವರನ್ನು ಮುಂದೆ ಮಾಡಿದರು. ಪಾಟೀಸವಾಲಿನಲ್ಲಿ ಕೆಂಪರಾಜುವಿನ ವಕೀಲರು ಎಷ್ಟೇ ತಿರುಚಿ ಕೇಳಿದರೂ ಅವರದು ಒಂದೇ ಮಾತು, "ನಾನು ಕಣ್ಣಾರೆ ಕಂಡಿದ್ದೀನಿ. ಬಾವಿಯಲ್ಲಿ ನೀರಿರಲಿಲ್ಲ. ಯಾರೂ ಅದನ್ನು ಬತ್ತಿಸಿಲ್ಲ." ಆ ಕೊನೆಯ ವಾಕ್ಯ ಅವರಿಗೆ ತಿಳಿದದ್ದಲ್ಲ, ನನ್ನ ಮೇಲಿನ ನಂಬಿಕೆಯಿಂದ ಹೇಳಿದ್ದು. ನಾನು ಅಲ್ಲೇ ಬೆಂಚಿನ ಮೇಲೆ ಕೂತಿದ್ದೆ. ಎದ್ದು ನಿಲ್ಲಬಹುದಿತ್ತು. ತಲೆಯ ಮೇಲಿನ ಸೆರಗು ಸರಿಮಾಡಿಕೊಂಡೆ.

ತಡೆಯಾಜ್ಞೆ ಬಂತು. ಇಟಾಚಿ ಹೊರಟುಹೋಯಿತು, ಗುಂಡಿ ಅಲ್ಲಿಗೇ ನಿಂತಿತು. ಅಂಥದೇ ಅನುಮತಿಗೆ ಓಡಾಡುತ್ತಿದ್ದ ಅಕ್ಕಪಕ್ಕದವರೂ ಸುಮ್ಮನಾದರು. ಇವತ್ತು ಆ ದಂಡೆಯಲ್ಲಿ ಮರಳು ಉಳಿದಿದ್ದರೆ, ಮಳೆಗಾಲ ಕಳೆದ ಮೇಲೂ ನಮ್ಮ ಬಾವಿಯಲ್ಲಿ ಒಂದಿಷ್ಟು ಒರತೆ ಇದ್ದರೆ, ಅದು ನಾನು ಒತ್ತಿದ ಆ ಸ್ವಿಚ್ಚಿನಿಂದ. ಇದನ್ನು ಒಳಗೆ ನ್ಯಾಯಾಧೀಶರ ಮುಂದೆಯೂ ಹೇಳುತ್ತೇನೆ. ಹೇಳಿದರೆ ಏನು ಮಾಡುತ್ತಾರೆ?

ಆದರೆ ಏಟು ಬಿದ್ದದ್ದು ಯಾರಿಗೆ? ಆ ಬೇಸಿಗೆ ಬಾವಿಯಲ್ಲಿ ಮತ್ತೆ ನೀರಾಗಲಿಲ್ಲ, ಮೇಷ್ಟ್ರ ಹಿಪ್ಪುನೇರಳೆ ಒಣಗಿತು, ಸರೋಜಮ್ಮ ಸೊಪ್ಪಿಲ್ಲದೆ ಹಣ್ಣಾಗಿ ಗೂಡು ಕಟ್ಟಲಿದ್ದ ಹುಳುಗಳನ್ನು ತಿಪ್ಪೆಗೆ ಸುರಿದರು. ಮಳೆಯ ನೀರನ್ನು ನಾನು ಬಾವಿಯಲ್ಲೇ ಬಿಟ್ಟಿದ್ದರೆ ಆ ಒಂದು ಬೆಳೆ ಅವರಿಗೆ ದಕ್ಕುತ್ತಿತ್ತು. ಅವರು ಪಾಪ, ಎಲ್ಲ ಮರಳು ತೆಗೆದದ್ದರಿಂದಲೇ ಆಯಿತು ಎಂದು ನಂಬಿದರು. ಟಿಪ್ಪರ್ ಕೆಲಸ ಹೋದ ಸಿಟ್ಟಿಗೆ ಊರಿನ ಟ್ರಾಕ್ಟರಿನವರು ಅವರ ಹೊಲ ಉಳಲು ಬರಲಿಲ್ಲ. ಕೇಸು ಹಾಕಿದವಳು ನಾನೂ ಹೌದು. ನನ್ನ ಹೊಲಕ್ಕೆ ಎಲ್ಲರೂ ಬಂದರು, ಬಂದು ನನ್ನ ಜಗಲಿಯಲ್ಲೇ ಕಾಫಿ ಕುಡಿದು "ಆ ಮೇಷ್ಟ್ರು ನಿಮ್ಮ ತಲೆ ಕೆಡಿಸವ್ರೆ ಬುಡಿ ಜಯಮ್ಮ" ಅಂದರು. ಗೌಡರ ಮನೆಯ ಹೆಂಗಸನ್ನು ಬೈಯುವುದಕ್ಕಿಂತ ಕೇರಿಯ ಮೇಷ್ಟ್ರನ್ನು ಬೈಯುವುದು ಅವರಿಗೆ ಸುಲಭವಾಗಿತ್ತು. ನಾನು ಅವರಿಗೆ ಸಕ್ಕರೆ ಸಾಕಾ ಎಂದು ಕೇಳಿದೆನೇ ಹೊರತು ಇನ್ನೇನೂ ಹೇಳಲಿಲ್ಲ. ಇಷ್ಟು ಜೋರಿನ ಬಾಯಿ ಅವತ್ತು ಎಲ್ಲಿ ಹೋಗಿತ್ತೋ.

ಕೆಂಪರಾಜು ಸುಮ್ಮನೆ ಕೂರುವವನಲ್ಲ. ಮಂಡ್ಯದಲ್ಲಿ ಮೇಲ್ಮನವಿ ಹಾಕಿದ. ಅದು ಎಳೆದು ಎಳೆದು ಈಚೆಗೆ ವಿಚಾರಣೆಗೆ ಬಂದಾಗ ಅವನು ಹೊಸ ಸಾಕ್ಷಿಯೊಬ್ಬನನ್ನು ತಂದ. ಇಟಾಚಿ ಕಾಯಲು ಗುಂಡಿಯ ಪಕ್ಕದ ಶೆಡ್ಡಿನಲ್ಲಿ ಮಲಗುತ್ತಿದ್ದ ಹೊರಗಿನ ಕಾವಲುಗಾರ, ಆಗಲೇ ಕೆಲಸ ಬಿಟ್ಟು ಹೋಗಿದ್ದವನನ್ನು ಎಲ್ಲಿಂದಲೋ ಹುಡುಕಿ ತಂದಿದ್ದ. ಅವನಿಗೆ ನಮ್ಮ ಹೊಸ್ತೊಡಕು ಯಾವ ಲೆಕ್ಕ? ಆ ದಿನವಿಡೀ ಕಾಲುವೆಯಲ್ಲಿ ನೀರು ಹೊಳೆಗೆ ಹರಿದದ್ದನ್ನು ಅವನು ನೋಡಿದ್ದನಂತೆ. ಮೋಟಾರು ಹಾಕಿದವರನ್ನು ನೋಡಿರಲಿಲ್ಲ. ಅದು ಯಾವ ವಾರ? ಬುಧವಾರ. ಬುಧವಾರದ ನೀರು ಯಾರದು? ಇಷ್ಟು ಸಾಕಾಯಿತು. ಮೇಷ್ಟ್ರು ಬೇಕೆಂದೇ ಬಾವಿ ಬತ್ತಿಸಿ, ಪ್ರಮಾಣ ಮಾಡಿ ಸುಳ್ಳು ಸಾಕ್ಷ್ಯ ಹೇಳಿದ್ದಾರೆ, ಅವರ ಮೇಲೆ ಕ್ರಮ ಜರುಗಿಸಬೇಕು ಎಂದು ಅರ್ಜಿ ಬಿತ್ತು. ಮಗಳ ಮನೆಯಲ್ಲಿದ್ದೆ ಎಂದು ಅವರು ಹೇಳಿದರೆ, ಯಾರ ಕೈಯಲ್ಲಾದರೂ ಮಾಡಿಸಿರಬಹುದಲ್ಲ ಎಂದರು. ಅವರ ಹಳೆಯ ವಿದ್ಯಾರ್ಥಿಗಳೇ ಬಸ್ಸಿನಲ್ಲಿ ಅವರ ಹಿಂದೆ ಕಿಸಕ್ಕೆಂದದ್ದನ್ನು ನಾನು ಕೇಳಿಸಿಕೊಂಡೆ.

ನಮ್ಮ ವಕೀಲರಿಗೆ ನಿಜ ಹೇಳಿದೆ. ಅವರು ಎರಡೂ ಕೈ ಜೋಡಿಸಿದರು. "ಸುಮ್ಮನಿರಿ ತಾಯಿ. ನೀವು ಬಾಯಿಬಿಟ್ಟರೆ ಆದೇಶವೇ ಬಿದ್ದುಹೋಗಬಹುದು. ಮತ್ತೆ ಅಗೆಯುತ್ತಾರೆ. ಮೇಷ್ಟ್ರದು ಹೇಗೋ ನೋಡಿಕೊಳ್ಳೋಣ." ಹೇಗೋ ನೋಡಿಕೊಳ್ಳೋಣ! ತಕ್ಕಡಿಯ ಒಂದು ತಟ್ಟೆಯಲ್ಲಿ ಊರಿನ ನೀರು, ಇನ್ನೊಂದರಲ್ಲಿ ಆ ಮನುಷ್ಯನ ಮಾತು. ತಿಂಗಳುಗಟ್ಟಲೆ ನಾನು ನೀರಿನ ಕಡೆಗೇ ವಾಲಿದೆ ಎಂದು ಹೇಳದಿದ್ದರೆ ಇದೂ ಒಂದು ಸುಳ್ಳಾಗುತ್ತದೆ.

ನಿನ್ನೆ ಸಂಜೆ ಮೇಷ್ಟ್ರ ಮನೆಗೆ ಹೋದೆ. ಇಷ್ಟು ವರ್ಷದಲ್ಲಿ ನಾನು ಆ ಮನೆಯ ಮೆಟ್ಟಿಲು ಹತ್ತಿದ್ದು ಅದೇ ಮೊದಲು. ಸರೋಜಮ್ಮ ಕುರ್ಚಿ ಹಾಕಿದರು. ಕೂರದೆಯೇ ಹೇಳಿದೆ.

"ಮೇಷ್ಟ್ರೇ, ಅವತ್ತು ಮೋಟ್ರು ಹಾಕಿದ್ದು ನಾನು."

ಅವರು ಕನ್ನಡಕ ತೆಗೆದು ಪಂಚೆಯ ಅಂಚಿನಲ್ಲಿ ಒರೆಸಿಕೊಂಡರು. "ಗೊತ್ತು ಕಣಕ್ಕ. ಕಾಲುವೇಲಿ ನೀರು ಹರೀತು ಅಂತ ಆ ಕಾವಲಿನವ್ನು ಹೇಳಿದ ದಿನವೇ ಗೊತ್ತಾಯ್ತು. ಬೀಗದ ಕೈ ಯಾರತ್ರ ಇತ್ತು ಅಂತ ನಂಗೊತ್ತಿಲ್ವಾ?"

ಆ ಒಂದು ಮಾತು, ಬೀಗದ ಕೈ ಜಯಮ್ಮನ ಮನೆಯಲ್ಲಿರುತ್ತದೆ ಎಂಬ ಒಂದೇ ಮಾತು ನ್ಯಾಯಾಲಯದಲ್ಲಿ ಹೇಳಿದ್ದರೆ ಅವರು ಪಾರಾಗುತ್ತಿದ್ದರು. ಯಾಕೆ ಹೇಳಲಿಲ್ಲ ಎಂದು ಕೇಳಿದೆ.

"ನಾನು ಹೇಳುದ್ರೆ ತಪ್ಪಿಸ್ಕೊಳಕ್ಕೆ ಹೇಳ್ದ ಅಂತಾರೆ. ನೀವೇ ಹೇಳ್ಬೇಕಾಗಿತ್ತು. ಹೇಳ್ತೀರಾ ಅಂತ ಕಾಯ್ತಿದ್ದೆ."

ನನಗೆ ಸಿಟ್ಟು ಬಂತು. ತಪ್ಪು ಮಾಡಿದವರಿಗೆ ಬರುವ ಸಿಟ್ಟು ಬೇರೆಯೇ. ನಾನು ಹಾಗೆ ಮಾಡದಿದ್ದರೆ ಇವತ್ತು ನಿಮ್ಮ ಹೊಲವೂ ಗುಂಡಿಯ ಬಾಯಿಗೆ ಬೀಳುತ್ತಿತ್ತು, ನ್ಯಾಯ ನಮ್ಮದೇ ಅಲ್ಲವೇ, ಮಳೆ ಹೇಳಿದ ಸುಳ್ಳನ್ನು ನಾನು ಅಳಿಸಿದೆ ಅಷ್ಟೇ — ಏನೇನೋ ಕೂಗಾಡಿದೆ. ಅವರು ಎಲ್ಲ ಕೇಳಿಸಿಕೊಂಡರು.

"ನ್ಯಾಯ ನಮ್ದೇ ಕಣಕ್ಕ, ಅದಕ್ಕೆ ನಾನು ಇಲ್ಲ ಅಂದಿಲ್ಲ. ನನ್ನ ಕೇಳಿದ್ರೆ ಬ್ಯಾಡ ಅಂತಿದ್ದೆ, ಅದಕ್ಕೇ ನೀವು ಕೇಳ್ನಿಲ್ಲ. ಆಮೇಲೆ ನನ್ನ ಬಾಯಿಂದಲೇ ಸಾಕ್ಷಿ ಹೇಳ್ಸುದ್ರಿ. ಆ ಮೋಟ್ರು ಹಂಗೆ ನನ್ನೂ ಆನ್ ಮಾಡಿದ್ರಿ. ನಿಮ್ಮೋರು ಯಾರಾದ್ರೂ ಆಗಿದ್ರೆ ಒಂದು ಮಾತು ಕೇಳ್ತಿದ್ರಿ."

ಇಲ್ಲ ಎಂದು ಹೇಳಬೇಕೆಂದು ಬಾಯಿ ತೆರೆದೆ. ಇಲ್ಲ ಅನ್ನಲಾಗಲಿಲ್ಲ. ಅವರಿಗೆ ಪಾಪ ಅಂಟಬಾರದು ಎಂದು ಫೋನು ಮಾಡಲಿಲ್ಲ ಎಂದು ಇಷ್ಟು ವರ್ಷ ನಂಬಿಕೊಂಡು ಬಂದಿದ್ದೆನಲ್ಲ — ಅವರನ್ನು ಕೇಳಲೇಬೇಕು ಎಂದು ನನಗೆ ಅನಿಸಿಯೇ ಇರಲಿಲ್ಲ, ನಿಜ ಇಷ್ಟೇ. ಬಾವಿ ನಮ್ಮದು, ಬೀಗ ನಮ್ಮದು, ಕೇಸೂ ನಮ್ಮದು, ಅವರು ಜೊತೆಗಿದ್ದವರು.

ನಾಳೆ ಮಂಡ್ಯದಲ್ಲಿ ನನ್ನೊಬ್ಬಳದೇ ಹೇಳಿಕೆ, ಎಲ್ಲ ಹೇಳುತ್ತೇನೆ ಎಂದೆ.

"ಹೇಳಿ. ಅದು ನಿಮ್ಮ ಋಣ, ತೀರ್ಸ್ಕಳಿ. ನಂಗೆ ಬೇಕಾಗಿರೋದು ಬೇರೆ."

"ಏನು ಮೇಷ್ಟ್ರೇ?"

"ಬೀಗದ ಕೈ."

ಸೊಂಟದಿಂದ ಗೊಂಚಲು ತೆಗೆದು ಅದೊಂದನ್ನು ಬಿಡಿಸಲು ಹೊರಟೆ. ಉಂಗುರ ಬಿಗಿಯಾಗಿತ್ತು, ಉಗುರು ಸೀಳಿತು. ಅವರು ಸಹಾಯಕ್ಕೆ ಕೈ ಚಾಚಲಿಲ್ಲ, ನಾನೇ ಬಿಡಿಸುವವರೆಗೂ ನಿಂತಿದ್ದರು. ಕೊಟ್ಟೆ. ಅವರು ಅದನ್ನು ಗೋಡೆಯ ಮೊಳೆಗೆ ನೇತುಹಾಕಿ, ಕಾಫಿ ಕುಡಿದು ಹೋಗಿ ಅಂದರು. ಕುಡಿದೆ.

ನ್ಯಾಯಾಲಯ ಏನು ಮಾಡುತ್ತದೋ ಮಾಡಲಿ. ಶಿಕ್ಷೆಯಾದರೆ ನನಗಾಗಲಿ, ಅವರಿಗಲ್ಲ. ಆದೇಶ ಬಿದ್ದರೆ ನಾನು ಮತ್ತೆ ಹೂಡುತ್ತೇನೆ, ಕೆಂಪರಾಜು ಇದನ್ನು ಚೆನ್ನಾಗಿ ಕೇಳಿಸಿಕೊಳ್ಳಲಿ. ಇಟಾಚಿ ಮತ್ತೆ ಬಂದರೆ ಅದರ ಮುಂದೆ ಕೂರುತ್ತೇನೆ. ನೀರಿಗಾಗಿ ಜಗಳಾಡುವುದನ್ನು ಬಿಟ್ಟಿಲ್ಲ, ಬಿಡುವುದೂ ಇಲ್ಲ. ಇನ್ನೊಬ್ಬರ ಬಾಯಿಯನ್ನು ಕೇಳದೆ ಬಳಸುವುದನ್ನು ಮಾತ್ರ ಬಿಟ್ಟಿದ್ದೇನೆ.

ಬೆಳಗ್ಗೆ ಬಸ್ಸಿಗೆ ಬರುವಾಗ ಹೊಲದ ದಾರಿಯಲ್ಲೇ ಬಂದೆ. ಇವತ್ತು ಬುಧವಾರ. ಜಗಲಿಯ ಕೆಳಗೆ ಯಾರೂ ಬಂದು ನಿಂತಿರಲಿಲ್ಲ, ಆದರೂ ಮೋಟಾರು ಓಡುತ್ತಿತ್ತು. ಮೇಷ್ಟ್ರು ಪಂಚೆ ಮೇಲೆ ಕಟ್ಟಿ ಗುದ್ದಲಿ ಹಿಡಿದು ತಮ್ಮ ಹೊಲಕ್ಕೆ ನೀರು ತಿರುಗಿಸುತ್ತಿದ್ದರು. ನನ್ನ ಭತ್ತದ ಸಸಿಯ ಒಟ್ಟಲು ಒಣಗಿದೆ, ಶುಕ್ರವಾರದವರೆಗೆ ತಡೆಯುವುದು ಕಷ್ಟ. ಒಂದು ಗಳಿಗೆ ನೀರು ಬೇಕಿತ್ತು. ಬದುವಿನ ಮೇಲೆ ನಿಂತು, ಗಂಟಲು ಸರಿಮಾಡಿಕೊಂಡು, ಕೇಳಿದೆ.

ಅವರು ತಲೆಯೆತ್ತಿ ನೋಡಿದರು. "ನೋಡಣ ಬುಡಿ," ಅಂದರು. ಹೌದು ಅನ್ನಲಿಲ್ಲ, ಇಲ್ಲ ಅನ್ನಲೂ ಇಲ್ಲ.

ಒಳಗೆ ನನ್ನ ಹೆಸರು ಕೂಗುತ್ತಿದ್ದಾರೆ.